ಕಾಲು ಕೈಕೊಟ್ಟ ಕತೆ

ಕಚೇರಿಯಲ್ಲಿ ತನಿ ಆವರ್ತನ ಶುರುವಾಯಿತೆಂದರೆ ಸಭೆ ಎರಡು ಪಂಗಡವಾಗುತ್ತದೆ. ಒಂದು, ಕಾಫಿಗೆ ಏಳುವವರದು. ಅವರು ಏಳುವ ರೀತಿಯೂ ಒಂದು ಕಲೆಯೇ. ಮೊದಲು ಗಡಿಯಾರ ನೋಡಿಕೊಳ್ಳುತ್ತಾರೆ, ಏನೋ ಜ್ಞಾಪಕ ಬಂದವರಂತೆ ಹುಬ್ಬು ಗಂಟಿಕ್ಕುತ್ತಾರೆ, ಆಮೇಲೆ ಸಾಲಿನಲ್ಲಿ ಕೂತವರ ಮಂಡಿಗಳನ್ನೆಲ್ಲ ದಾಟಿಕೊಂಡು ಬಾಗಿಲ ಕಡೆ ಸಾಗುತ್ತಾರೆ. ಇನ್ನೊಂದು, ಕೂತಲ್ಲೇ ತೊಡೆಯ ಮೇಲೆ ತಾಳ ಹಾಕುವವರದು. ನಾನು ಎರಡನೆಯ ಪಂಗಡ. ಸಂಗೀತಜ್ಞಾನ ಜಾಸ್ತಿಯೆಂದಲ್ಲ, ಆ ಹೊತ್ತಿನಲ್ಲಿ ಕ್ಯಾಂಟೀನಿನಲ್ಲಿ ನೂಕುನುಗ್ಗಲು. ಅದೂ ಅಲ್ಲದೆ, ಎರಡು ಗಂಟೆ ಕಾಲ ಇನ್ನೊಬ್ಬರ ಹಾಡಿಗೆ ಹೊಂದಿಕೊಂಡು ನುಡಿಸಿದ ಮೃದಂಗದವರಿಗೆ ಕೊನೆಗೆ ತಮ್ಮದೇ ಅಂತ ಹತ್ತು ಹದಿನೈದು ನಿಮಿಷ ಸಿಕ್ಕಾಗ ಮುಖದ ಮೇಲೆ ಬರುವ ಕಳೆ ಇದೆಯಲ್ಲ, ಅದನ್ನು ನೋಡುವುದು ನನಗೆ ಇಷ್ಟ.

ತಾಳದವರ ಪಾಡು ಎಲ್ಲ ಕಡೆಯೂ ಹೆಚ್ಚುಕಡಿಮೆ ಇದೇ. ನಮ್ಮಲ್ಲಿ ಪಕ್ಕದಲ್ಲಿ ಕೂರಿಸುತ್ತೇವೆ. ಪಶ್ಚಿಮದ ಡಾನ್ಸ್ ಬ್ಯಾಂಡುಗಳಲ್ಲಿ ಅದೂ ಇಲ್ಲ, ಸೀದಾ ಹಿಂದಿನ ಸಾಲು, ತುತ್ತೂರಿಯವರ ಬೆನ್ನ ಹಿಂದೆ. ಯಕ್ಷಗಾನದ ಮಾತು ಮಾತ್ರ ಬೇರೆ. ಅಲ್ಲಿ ಚೆಂಡೆ ಮದ್ದಳೆ ಹಿಂದಿದ್ದರೂ ಮುಂದಿನವರು ಕುಣಿಯುವುದು ಅವುಗಳ ಅಪ್ಪಣೆಯಂತೆ. ಒಳ್ಳೆಯ ಚೆಂಡೆಯವರ ಕಣ್ಣು ತಮ್ಮ ಕೋಲಿನ ಮೇಲಿರುವುದಿಲ್ಲ, ವೇಷಧಾರಿಯ ಕಾಲಿನ ಮೇಲಿರುತ್ತದೆ. ಈ ಮಾತು ನೆನಪಿರಲಿ, ಯಾಕೆಂದರೆ ನಾನು ಹೇಳಹೊರಟ ಮನುಷ್ಯನ ಬದುಕೆಲ್ಲ ಹೆರವರ ಕಾಲು ನೋಡುವುದರಲ್ಲೇ ಕಳೆಯಿತು.

ಅವನ ಹೆಸರು ಟೀಟೊ ಪ್ವೆಂಟೆ. ಸಾಲ್ಸಾ ಎಂಬ ಕುಣಿತದ ಸಂಗೀತದಲ್ಲಿ ಈ ಹೆಸರು ಹೇಳಿದರೆ ಜನ ಎದ್ದು ನಿಲ್ಲುತ್ತಾರೆ. ಹೇಗೂ ಕುಣಿಯಲು ಎದ್ದವರೇ ಆದ್ದರಿಂದ ಅದು ಗೌರವವೋ ಅಲ್ಲವೋ ಹೇಳುವುದು ಕಷ್ಟ. ಬಹಳ ಜನ ಅವನನ್ನು ಕ್ಯೂಬಾದವನು ಅಂದುಕೊಳ್ಳುತ್ತಾರೆ. ಅಲ್ಲ. 1923ರ ಏಪ್ರಿಲ್ 20ರಂದು ನ್ಯೂಯಾರ್ಕಿನ ಹಾರ್ಲೆಮ್ ಆಸ್ಪತ್ರೆಯಲ್ಲಿ ಹುಟ್ಟಿದ ಅಪ್ಪಟ ನ್ಯೂಯಾರ್ಕಿನವನು. ತಂದೆತಾಯಿ ಪೋರ್ಟೊ ರಿಕೊ ದ್ವೀಪದಿಂದ ಬಂದವರು. ಇಟ್ಟ ಹೆಸರು ಎರ್ನೆಸ್ಟೊ. ತಾಯಿ ಮುದ್ದಿನಿಂದ ಎರ್ನೆಸ್ಟೀಟೊ ಎಂದು ಕರೆದು ಕರೆದು, ಹೆಸರಿನ ತಲೆ ಉದುರಿ ಬಾಲ ಉಳಿಯಿತು.

ಅವರ ಕುಟುಂಬ ಇದ್ದದ್ದು ಪೂರ್ವ ಹಾರ್ಲೆಮಿನ ಎಲ್ ಬಾರಿಯೊ ಎಂಬಲ್ಲಿ, 110ನೆಯ ಬೀದಿಯ ಕಡೆ. ಒಂದರ ಮೇಲೊಂದು ಬಾಡಿಗೆ ಮನೆ, ಒಬ್ಬರ ಮನೆಯ ಒಗ್ಗರಣೆಯ ವಾಸನೆಯಷ್ಟೇ ಸಲೀಸಾಗಿ ಸದ್ದೂ ಇನ್ನೊಬ್ಬರ ಮನೆಗೆ ಹೋಗುವಂಥವು. ಹುಡುಗ ಡಬ್ಬ, ಪಾತ್ರೆ, ಕಿಟಕಿಯ ಚೌಕಟ್ಟು ಏನು ಸಿಕ್ಕರೂ ಬಡಿಯುತ್ತಿದ್ದ. ಅಕ್ಕಪಕ್ಕದವರಿಗೆ ಸಾಕುಸಾಕಾಗಿ, ಈ ಹುಡುಗನನ್ನು ಎಲ್ಲಾದರೂ ಪಾಠಕ್ಕೆ ಹಾಕಿ ಎಂದು ತಾಯಿ ಎರ್ಸಿಲಿಯಾಗೆ ಹೇಳಿದರಂತೆ. ನಮ್ಮ ಕಡೆ ನೆರೆಮನೆಯವರು ಹುಡುಗನ ಮೇಲೆ ದೂರು ತಂದರೆ ಅವನ ಬೆನ್ನಿಗೆ ಬೀಳುವ ತಾಳವೇ ಬೇರೆ. ಈ ತಾಯಿ ಮಾತ್ರ ಇಪ್ಪತ್ತೈದು ಸೆಂಟು ಕೊಟ್ಟು ಪಿಯಾನೊ ಪಾಠಕ್ಕೆ ಕಳಿಸಿದಳು. ಗದ್ದಲ ಕಮ್ಮಿಯಾಗಲೆಂದು ಪಿಯಾನೊ ಆರಿಸಿದಳೋ ಏನೋ! ಆದರೆ ಒಂದೆರಡು ವರ್ಷದಲ್ಲಿ ಹುಡುಗ ಡ್ರಮ್ಮಿಗೇ ಬಂದ. ಕಲಿಸಿದವರು ಲ್ಯಾಟಿನ್ ಸಂಗೀತದ ಗಂಧವಿಲ್ಲದ ಒಬ್ಬ ಆಫ್ರಿಕನ್ ಅಮೆರಿಕನ್ ಮೇಷ್ಟ್ರು. ಅವರಿಂದ ಕೋಲು ಹಿಡಿಯುವುದನ್ನೂ ಸ್ವರಪಟ ನೋಡಿ ನುಡಿಸುವುದನ್ನೂ ಕಲಿತ. ರೇಡಿಯೊದಲ್ಲಿ ಜೀನ್ ಕ್ರೂಪಾನ ಡ್ರಮ್ ಕೇಳಿ ತಲೆ ಕೆಡಿಸಿಕೊಂಡ. ಬೀದಿಗಿಳಿದರೆ ಕ್ಯೂಬಾ, ಪೋರ್ಟೊ ರಿಕೊಗಳ ಹಾಡು. ಎಲ್ಲವೂ ಒಂದೇ ತಲೆಗೆ ಹೋಗಿ ಕೂತವು.

ಇಷ್ಟೆಲ್ಲ ಇದ್ದರೂ ಹುಡುಗನ ಆಸೆ ಡ್ರಮ್ಮಿನದಲ್ಲ, ಕುಣಿತದ್ದು. ತಂಗಿ ಅನ್ನಾಳ ಜೊತೆ ಜೋಡಿಯಾಗಿ ಕುಣಿದು ಸ್ಪರ್ಧೆಗಳಲ್ಲಿ ಬಹುಮಾನ ತರುತ್ತಿದ್ದ. ಆ ಕಾಲದ ಸಿನಿಮಾದಲ್ಲಿ ಫ್ರೆಡ್ ಅಸ್ಟೇರ್ ಮತ್ತು ಜಿಂಜರ್ ರೋಜರ್ಸ್ ಕುಣಿಯುವುದನ್ನು ನೋಡಿದ ಯಾವ ಹುಡುಗ ತಾನೇ ಅಸ್ಟೇರ್ ಆಗಲು ಬಯಸಲಿಲ್ಲ? ಅಷ್ಟರಲ್ಲಿ ಹರಡಿನ ಸ್ನಾಯುವಿಗೆ ಪೆಟ್ಟಾಯಿತು. ಕುಣಿತ ಅಲ್ಲಿಗೆ ನಿಂತಿತು. ಮುಂದೆ ಟೀಟೊ ನೌಕಾದಳದಲ್ಲಿದ್ದಾಗ ಅನ್ನಾಳೂ ಕಾಯಿಲೆಯಾಗಿ ತೀರಿಕೊಂಡಳು. ಜೀವನಚರಿತ್ರೆ ಬರೆಯುವವರು ಈ ಎರಡನ್ನೂ ಒಂದೊಂದು ಸಾಲಿನಲ್ಲಿ ದಾಟಿ ಬ್ಯಾಂಡಿನ ಕತೆಗೆ ಓಡುತ್ತಾರೆ. ನನಗೋ ಅವನ ಇಡೀ ಸಂಗೀತದ ಬೀಗದ ಕೈ ಇಲ್ಲೇ ಇದೆಯೆಂದು ಗುಮಾನಿ. ಕಾಲಿನಲ್ಲಿ ಆಗಬೇಕಿದ್ದ ಕೆಲಸವನ್ನು ಆತ ಕೈಗೆ ವಹಿಸಿಕೊಟ್ಟ. ಅವನು ನುಡಿಸುವುದನ್ನು ವಿಡಿಯೊದಲ್ಲಿ ನೋಡಿ: ಕೂರುವುದೇ ಇಲ್ಲ. ನಿಂತು, ಬಾಗಿ, ತಿರುಗಿ, ನಾಲಿಗೆ ಹೊರಚಾಚಿ, ಕಣ್ಣರಳಿಸಿ ನುಡಿಸುತ್ತಾನೆ. ಆ ನಾಲಿಗೆಗೆ ನಮ್ಮ ಕಡೆಯ ಯಾವ ಗುರುವೂ ಅವಕಾಶ ಕೊಡುತ್ತಿರಲಿಲ್ಲ, ಮುಖಚೇಷ್ಟೆ ಬೇಡವೆಂದು ಮೊದಲ ಪಾಠದಲ್ಲೇ ಗದರಿಬಿಡುತ್ತಿದ್ದರು.

ಅವನ ವಾದ್ಯ ತಿಂಬಾಲೆಸ್. ಲೋಹದ ಮೈಯ, ಒಂದೇ ಬದಿಗೆ ಮುಚ್ಚಿಗೆಯಿರುವ ಎರಡು ಡ್ರಮ್ಮುಗಳನ್ನು ಒಂದು ಕಾಲುಪೀಠದ ಮೇಲೆ ಅಕ್ಕಪಕ್ಕ ಕೂರಿಸುತ್ತಾರೆ. ನಡುವೆ ಒಂದೆರಡು ದನದ ಗಂಟೆ, ಪಕ್ಕದಲ್ಲೊಂದು ಸಿಂಬಲ್. ನುಡಿಸುವುದು ತೆಳ್ಳನೆಯ ಕೋಲುಗಳಿಂದ. ಮುಚ್ಚಿಗೆಯ ಮೇಲೆ ಹೊಡೆದರೆ ಎಷ್ಟು ಸಂಗೀತವೋ ಲೋಹದ ಮೈಮೇಲೆ ಹೊಡೆದರೂ ಅಷ್ಟೇ ಸಂಗೀತ. ಹಾಡುಗಾರ ಹಾಡುತ್ತಿರುವಾಗ ಡ್ರಮ್ಮಿನ ಪಕ್ಕೆಯ ಮೇಲೆ ಸಣ್ಣಗೆ ಟಕಟಕಿಸುತ್ತ, ಹಾಡು ಕಾವೇರಿದಾಗ ಗಂಟೆಗೆ ಏರುತ್ತ ಹೋಗುವುದು ಕ್ರಮ. ಇದರ ಮೂಲಪುರುಷ ಯುರೋಪಿನ ಸಿಂಫನಿಯ ದೊಡ್ಡ ತಾಮ್ರದ ನಗಾರಿ. ಕ್ಯೂಬಾದ ಡಾನ್ಸ್ ವಾದ್ಯಮೇಳಗಳು ಅದನ್ನು ಕುಗ್ಗಿಸಿ, ಹಗುರ ಮಾಡಿ, ಬಿಸಿಲಿಗೆ ತಂದವು.

ಈ ಸಂಗೀತದ ಅಡಿಪಾಯ ಕ್ಲಾವೆ ಎಂಬ ಐದು ಹೊಡೆತದ ಲೆಕ್ಕ. ಆಫ್ರಿಕಾದಿಂದ ಗುಲಾಮರಾಗಿ ಕ್ಯೂಬಾಕ್ಕೆ ಬಂದವರ ಜೊತೆ ಬಂದದ್ದು. ಅದನ್ನು ವಿವರಿಸಲು ಪಾಶ್ಚಾತ್ಯ ಪುಸ್ತಕಗಳು ಪುಟಗಟ್ಟಲೆ ಒದ್ದಾಡುತ್ತವೆ. ಕೊನ್ನಕೋಲು ಕಿವಿಗೆ ಬಿದ್ದಿರುವ ನಮಗೆ ಅಷ್ಟು ಕಷ್ಟವಿಲ್ಲ. ತಕಿಟ, ತಕಿಟ, ತಕಧಿಮಿ, ತಕ, ತಕಧಿಮಿ. ಸ್ವಲ್ಪ ಚುರುಕಾಗಿ ಹೇಳುತ್ತ ಪ್ರತಿ ಗುಂಪಿನ ಮೊದಲಕ್ಷರಕ್ಕೆ ಮಾತ್ರ ಚಪ್ಪಾಳೆ ಹಾಕಿ. ಮೂರು, ಮೂರು, ನಾಲ್ಕು, ಎರಡು, ನಾಲ್ಕು, ಒಟ್ಟು ಹದಿನಾರು. ಮೊದಲರ್ಧದಲ್ಲಿ ಮೂರು ಚಪ್ಪಾಳೆ, ಉಳಿದರ್ಧದಲ್ಲಿ ಎರಡು. ಮೊದಲರ್ಧ ಎಳೆಯುತ್ತದೆ, ಎರಡನೆಯದು ಸಮಾಧಾನ ಮಾಡುತ್ತದೆ. ಹಾಡಿನ ಸಾಹಿತ್ಯ, ಪಿಯಾನೊ, ತುತ್ತೂರಿ, ಡ್ರಮ್ಮು ಎಲ್ಲವೂ ಈ ಐದರ ಜೊತೆ ಹೊಂದಿರಬೇಕು. ಎರಡು ಮರದ ಕಡ್ಡಿ ತಟ್ಟಿ ಇದನ್ನು ನುಡಿಸುವುದುಂಟು. ಎಷ್ಟೋ ಸಲ ಯಾರೂ ನುಡಿಸುವುದಿಲ್ಲ, ಎಲ್ಲರ ಒಳಗೂ ಅದು ನಡೆಯುತ್ತಿರುತ್ತದೆ. ಯಾರಾದರೂ ಅರ್ಧ ತಿರುವುಮುರುವಾಗಿ ಹಿಡಿದರೆ ಮುಗಿಯಿತು, ವೇದಿಕೆಯ ಮೇಲಿನ ಉಳಿದವರೆಲ್ಲ ಅವನ ಕಡೆ ತಿರುಗುತ್ತಾರೆ. ಆ ನೋಟ ನಮ್ಮ ಕಚೇರಿಗಳಲ್ಲೂ ಇದೆ, ಅದಕ್ಕೆ ವಿವರಣೆ ಬೇಡ.

1942ರಲ್ಲಿ ಟೀಟೊ, ಮಚೀಟೊ ಎಂಬ ಹಾಡುಗಾರನ ಲ್ಯಾಟಿನ್ ಬ್ಯಾಂಡಿಗೆ ಸೇರಿದ. ಅಲ್ಲಿನ ಡ್ರಮ್ಮಿನವನನ್ನು ಸರ್ಕಾರ ಯುದ್ಧಕ್ಕೆ ಕರೆದದ್ದರಿಂದ ತೆರವಾದ ಜಾಗ. ಸ್ವಲ್ಪ ದಿನದಲ್ಲೇ ಸರ್ಕಾರ ಇವನನ್ನೂ ಕರೆಯಿತು. ಮೂರು ವರ್ಷ ಯುಎಸ್‌ಎಸ್ ಸ್ಯಾಂಟೀ ಎಂಬ ವಿಮಾನವಾಹಕ ನೌಕೆಯಲ್ಲಿ ಕಳೆದ. ಅಲ್ಲಿ ಹಡಗಿನ ಬ್ಯಾಂಡಿನಲ್ಲಿ ಸ್ಯಾಕ್ಸೊಫೋನು ಮತ್ತು ಡ್ರಮ್ಮು. ಸ್ಯಾಕ್ಸೊಫೋನು ನುಡಿಸಬಲ್ಲ ಒಬ್ಬ ಪೈಲಟ್ ಇದ್ದ, ಹೆಸರಾಂತ ಬ್ಯಾಂಡಿಗೆ ಸಂಗೀತ ಹೊಂದಿಸಿ ಬರೆದುಕೊಡುತ್ತಿದ್ದವನು. ಯಾವ ವಾದ್ಯಕ್ಕೆ ಏನು ಬರೆಯಬೇಕು, ತುತ್ತೂರಿಗಳನ್ನು ಎಲ್ಲಿ ಸುಮ್ಮನಿರಿಸಬೇಕು ಎಂಬುದನ್ನು ಟೀಟೊ ಅವನಿಂದ ಕಲಿತ. ಸಮುದ್ರದ ನಡುವೆ, ಯುದ್ಧದ ನಡುವೆ, ಒಬ್ಬ ಪೈಲಟ್ ಒಬ್ಬ ನಾವಿಕನಿಗೆ ಪಾಠ ಹೇಳುತ್ತಿದ್ದಾನೆ ಅಂದರೆ ಬಾಂಬು ಸಿಡಿಸುವ ವಿಷಯವೇ ಇರಬೇಕೆಂದು ಯಾರಾದರೂ ತಿಳಿದಾರು. ಯುದ್ಧ ಮುಗಿದ ಮೇಲೆ ಯೋಧರಿಗೆ ಸರ್ಕಾರ ಕೊಡುತ್ತಿದ್ದ ಓದಿನ ಹಣದಲ್ಲಿ ಜೂಲಿಯಾರ್ಡ್ ಸಂಗೀತಶಾಲೆಗೆ ಸೇರಿ ವಾದ್ಯಮೇಳ ನಡೆಸುವುದು, ಮೇಳಕ್ಕೆ ಬರೆಯುವುದು, ಸಂಗೀತಶಾಸ್ತ್ರ ಎಲ್ಲ ಓದಿದ. ಡ್ರಮ್ಮು ಬಡಿಯುವವನಿಗೆ ಓದೇಕೆ ಎನ್ನುವವರು ಅಲ್ಲೂ ಇದ್ದಿರಬೇಕು. ಹಗಲು ಜೂಲಿಯಾರ್ಡ್, ರಾತ್ರಿ ಡಾನ್ಸ್ ಹಾಲು.

ಡಾನ್ಸ್ ಹಾಲು ಎಂದರೆ ಪಲೇಡಿಯಮ್. ಬ್ರಾಡ್‌ವೇ ಮತ್ತು 53ನೆಯ ಬೀದಿ ಸೇರುವಲ್ಲಿ, ಮೆಟ್ಟಿಲು ಹತ್ತಿ ಹೋಗಬೇಕಾದ ಜಾಗ. 1940ರ ದಶಕದ ಕೊನೆಯಲ್ಲಿ ಅದು ಮ್ಯಾಂಬೊ ಕುಣಿತದ ತವರಾಯಿತು. ಪೋರ್ಟೊ ರಿಕೊದವರು, ಕ್ಯೂಬನ್ನರು, ಕಪ್ಪು ಜನ, ಯಹೂದಿಗಳು, ಇಟಾಲಿಯನ್ನರು ಎಲ್ಲ ಒಂದೇ ನೆಲದ ಮೇಲೆ. ಅಮೆರಿಕದ ಎಷ್ಟೋ ಊರುಗಳಲ್ಲಿ ಕಪ್ಪುಬಿಳಿಯರು ಒಂದೇ ಬೆಂಚಿನ ಮೇಲೆ ಕೂರಲಾಗದ ಕಾಲದಲ್ಲಿ ಇದು ನಡೆಯಿತು. ಅಲ್ಲಿ ಬಣ್ಣ ಕೇಳುವವರಿರಲಿಲ್ಲ, ಕುಣಿಯಲು ಬರುತ್ತದೆಯೇ ಎಂಬುದೊಂದೇ ಪ್ರಶ್ನೆ. ಬುಧವಾರ ಸಿನಿಮಾ ತಾರೆಯರೂ ಬರುತ್ತಿದ್ದರು. ಮಾರ್ಲನ್ ಬ್ರ್ಯಾಂಡೊಗಂತೂ ಬೊಂಗೊ ಬಾರಿಸುವ ಹುಚ್ಚು. ಹತ್ತಿರದಲ್ಲೇ ಬರ್ಡ್‌ಲ್ಯಾಂಡ್ ಎಂಬ ಜಾಝ್ ಕ್ಲಬ್ಬು ಇದ್ದದ್ದರಿಂದ ಎರಡೂ ಕಡೆಯ ವಾದಕರು ಅಲ್ಲಿಂದಿಲ್ಲಿಗೆ ಓಡಾಡುತ್ತಿದ್ದರು.

ಟೀಟೊ ತನ್ನದೇ ಬ್ಯಾಂಡು ಕಟ್ಟಿದ್ದು 1948-49ರ ಸುಮಾರಿಗೆ. ಆಗಲೇ ತಿಂಬಾಲೆಸ್ಸನ್ನು ಹಿಂದಿನ ಸಾಲಿನಿಂದ ಎಳೆದುಕೊಂಡು ವೇದಿಕೆಯ ಮುಂಭಾಗಕ್ಕೆ, ಹಾಡುಗಾರನ ಪಕ್ಕಕ್ಕೆ ತಂದು ನಿಲ್ಲಿಸಿದ. ಆ ಕೀರ್ತಿ ಇಂದಿಗೂ ಅವನ ಹೆಸರಿನಲ್ಲೇ ಇದೆ. ಪ್ರಚಾರದ ಆಸೆ ಎಂದವರುಂಟು. ಇರಬಹುದು, ಸಂಕೋಚದ ಸ್ವಭಾವವಂತೂ ಅವನದಾಗಿರಲಿಲ್ಲ. ಆದರೆ ಮುಂದೆ ನಿಂತವನಿಗೆ ನೆಲ ಕಾಣುತ್ತದೆ. ಯಾವ ಹೊಡೆತಕ್ಕೆ ಯಾವ ಜೋಡಿ ತಿರುಗಿತು, ಎಲ್ಲಿ ಜನ ದಣಿದರು, ಇನ್ನೊಂದು ಸುತ್ತು ಎಳೆಯಬಹುದೇ ಅಥವಾ ನಿಧಾನದ ಬೊಲೇರೊಗೆ ಇಳಿಯಬೇಕೇ ಎಂಬುದನ್ನೆಲ್ಲ ತುತ್ತೂರಿಯವರ ಬೆನ್ನ ಹಿಂದೆ ಕೂತವನು ಹೇಗೆ ನೋಡಿಯಾನು? ಬೊಲೇರೊಗೆ ಇಳಿದಾಗ ಟೀಟೊ ಕೋಲು ಬದಲಿಸಿಕೊಂಡು ವೈಬ್ರಾಫೋನಿನ ಮುಂದೆ ನಿಲ್ಲುತ್ತಿದ್ದ. ಹತ್ತು ನಿಮಿಷದ ಹಿಂದೆ ಗಂಟೆ ಬಡಿಯುತ್ತಿದ್ದವನು ಇವನೇನಾ ಎನ್ನುವಷ್ಟು ಮೆತ್ತಗೆ.

ಪಲೇಡಿಯಮ್ಮಿನಲ್ಲಿ ಇನ್ನೊಬ್ಬ ಟೀಟೊ ಇದ್ದ. ಟೀಟೊ ರೋಡ್ರಿಗೇಸ್. ಅವನೂ 1923ರಲ್ಲೇ ಹುಟ್ಟಿದವನು, ಹುಟ್ಟಿದ್ದು ಪೋರ್ಟೊ ರಿಕೊದಲ್ಲಿ. ಅವನು ಹಾಡುಗಾರ, ಸುಂದರಾಂಗ, ಉಡುಪಿನಲ್ಲಿ ಒಂದು ಸುಕ್ಕೂ ಸಹಿಸದವನು. ಹೊರಗಡೆಯ ಫಲಕದಲ್ಲಿ ಯಾರ ಹೆಸರು ಮೇಲೆ ಬರಬೇಕೆಂದು ಇಬ್ಬರ ನಡುವೆ ವರ್ಷಗಟ್ಟಲೆ ಜಗಳ. ಲಗ್ನಪತ್ರಿಕೆಯಲ್ಲಿ ದೊಡ್ಡಪ್ಪನ ಹೆಸರಿಗಿಂತ ಚಿಕ್ಕಪ್ಪನ ಹೆಸರು ಮೇಲೆ ಅಚ್ಚಾಗಿ ಮದುವೆಗೇ ಬಾರದ ದೊಡ್ಡಪ್ಪಂದಿರನ್ನು ಬಲ್ಲ ನಮಗೆ ಇದರಲ್ಲಿ ಆಶ್ಚರ್ಯವೇನಿಲ್ಲ. ಒಬ್ಬರ ಮೇಲೊಬ್ಬರ ಹಟದಿಂದಾಗಿ ಇಬ್ಬರ ಬ್ಯಾಂಡೂ ಗರಡಿಯಾಳುಗಳಂತೆ ಗಟ್ಟಿಯಾದವು ಎಂಬುದು ಮಾತ್ರ ನಿಜ. ರೋಡ್ರಿಗೇಸ್ 1973ರಲ್ಲಿ, ಐವತ್ತರ ವಯಸ್ಸಿನಲ್ಲೇ ತೀರಿಕೊಂಡ. ಫಲಕದ ಜಗಳ ತೀರ್ಮಾನವಾಗುವ ಮೊದಲೇ, 1966ರಲ್ಲಿ, ಪಲೇಡಿಯಮ್ಮೇ ಬಾಗಿಲು ಹಾಕಿತ್ತು.

ಧ್ವನಿಮುದ್ರಿಕೆಗಳ ಲೆಕ್ಕಕ್ಕೆ ಹೋದರೆ ನೂರಕ್ಕೂ ಮೇಲೆ. ಎಲ್ಲವನ್ನೂ ಕೇಳಿದ್ದೇನೆಂದು ಹೇಳುವವರನ್ನು ನಂಬಬೇಡಿ. ನನ್ನ ಮಟ್ಟಿಗೆ ಎರಡು ಸಾಕು. ಒಂದು, 1956ರ 'ಪ್ವೆಂಟೆ ಇನ್ ಪರ್ಕಶನ್'. ಇದರಲ್ಲಿ ಪಿಯಾನೊ ಇಲ್ಲ, ತುತ್ತೂರಿ ಇಲ್ಲ. ಬರೀ ಡ್ರಮ್ಮುಗಳು, ಆಸರೆಗೆ ಒಂದು ಬಾಸ್. ಕಾಂಗಾದಲ್ಲಿ ಮಾಂಗೊ ಸಾಂಟಾಮಾರಿಯಾ, ಜೊತೆಗೆ ವಿಲಿ ಬೋಬೊ. ಇದನ್ನು ಯಾರು ಕೊಳ್ಳುತ್ತಾರೆಂದು ಕಂಪನಿಯ ಯಜಮಾನ ಮೂಗು ಮುರಿದನಂತೆ. ಸರಿಯಾದ ಪ್ರಶ್ನೆಯೇ. ಆ ದಿನಗಳಲ್ಲಿ ಬರೀ ತಾಳದ ತಟ್ಟೆ ಎಂದರೆ ಮುಖ್ಯ ಗಾಯಕರಿಲ್ಲದ ಕಚೇರಿಯ ಟಿಕೇಟು ಮಾರಿದ ಹಾಗೆ. ಇಲ್ಲಿ ನಮ್ಮ ಬೆಂಗಳೂರಿನಲ್ಲೂ ಟಿ.ಎ.ಎಸ್. ಮಣಿಯವರು 1964ರಲ್ಲಿ ತಾಳವಾದ್ಯಗಳಿಗೇ ಮೀಸಲಾಗಿ ಕರ್ನಾಟಕ ಕಾಲೇಜ್ ಆಫ್ ಪರ್ಕಶನ್ ಶುರುಮಾಡಿ, ತಾಳವಾದ್ಯದ ಮೇಳವನ್ನು ದೇಶವಿದೇಶ ಸುತ್ತಿಸಿದರು. ಜಾಝ್ ವಾದಕರ ಜೊತೆ ಅವರ ಮೇಳ ಸರಾಗವಾಗಿ ಕೂಡಿಕೊಂಡಿತು. ತಾಳವೊಂದೇ ಒಂದು ಸಂಜೆಯನ್ನು ಹೊರಬಲ್ಲದು ಎಂಬ ನಂಬಿಕೆ ಒಬ್ಬನ ತಲೆತಿರುಕತನವಲ್ಲ, ಅಲ್ಲಲ್ಲಿ ಹಟಮಾರಿಗಳಿಗೆ ಹುಟ್ಟುತ್ತಿರುತ್ತದೆ.

ಇನ್ನೊಂದು, 1958ರ 'ಡಾನ್ಸ್ ಮೇನಿಯಾ'. ಇದರಲ್ಲಿ ಎಲ್ಲವೂ ಇದೆ: ಚಾಚಾಚಾ, ಮ್ಯಾಂಬೊ, ಬೊಲೇರೊ, ಸಾಂಟೋಸ್ ಕೊಲೋನನ ಎತ್ತರದ ಕಂಠ, ಮರಿಂಬಾ ನುಡಿಸಿ ಚೀನಾವನ್ನು ಕಂಡೂ ಕಾಣದಂತೆ ಅಣಕಿಸುವ 'ಹಾಂಗ್‌ಕಾಂಗ್ ಮ್ಯಾಂಬೊ'. ಜೂಲಿಯಾರ್ಡ್ ಓದು ಎಲ್ಲಿ ಹೋಯಿತು ಎಂದು ಕೇಳುವವರಿಗೆ ಇಲ್ಲಿ ತುತ್ತೂರಿಗಳು ಮಾತಾಡಿಕೊಳ್ಳುವ ರೀತಿಯೇ ಉತ್ತರ. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ 2002ರಲ್ಲಿ ಕಾಪಿಡಬೇಕಾದ ಧ್ವನಿಮುದ್ರಿಕೆಗಳ ಪಟ್ಟಿ ಆರಂಭಿಸಿದಾಗ ಮೊದಲ ಐವತ್ತರಲ್ಲೇ ಇದು ಸೇರಿತು.

ಹೀಗಿದ್ದೂ ಜಗತ್ತಿಗೆ ಗೊತ್ತಿರುವ ಅವನ ಹಾಡು ಒಂದೇ, ಅದೂ ಬೇರೆಯವರ ಹೆಸರಿನಲ್ಲಿ. 'ಓಯೆ ಕೋಮೊ ವಾ' ಟೀಟೊ ಬರೆದು 1962ರಲ್ಲಿ ಮುದ್ರಿಸಿದ ಚಾಚಾಚಾ. 1970ರಲ್ಲಿ ಕಾರ್ಲೋಸ್ ಸಾಂಟಾನಾನ ರಾಕ್ ಬ್ಯಾಂಡು ಕೊಳಲು ತುತ್ತೂರಿಗಳ ಜಾಗದಲ್ಲಿ ಆರ್ಗನ್ನು, ಗಿಟಾರು ಇಟ್ಟು ಅದನ್ನು 'ಅಬ್ರಾಕ್ಸಸ್' ಆಲ್ಬಮ್ಮಿನಲ್ಲಿ ಹಾಡಿತು. ಮರುವರ್ಷ ಬಿಲ್‌ಬೋರ್ಡ್ ಪಟ್ಟಿಯಲ್ಲಿ 13ನೆಯ ಸ್ಥಾನಕ್ಕೆ ಏರಿತು. ಅಲ್ಲಿಂದ ಟೀಟೊ ಹೋದಲ್ಲೆಲ್ಲ ಹುಡುಗರು ಬಂದು, ಸಾಂಟಾನಾನ ಆ ಹಾಡು ನುಡಿಸಿ ಎಂದು ಕೇಳತೊಡಗಿದರು. ಮೈಯೆಲ್ಲ ಉರಿಯಿತಂತೆ. ಕೊನೆಗೊಂದು ದಿನ ರಾಯಲ್ಟಿಯ ಚೆಕ್ಕು ಬಂತು. ಆಮೇಲೆ ಯಾರು ಯಾರ ಹೆಸರು ಹೇಳಿ ಕೇಳಿದರೂ ನಗುನಗುತ್ತ ನುಡಿಸಿದ. ಈ ಕತೆಯನ್ನು ಅವನೇ ವೇದಿಕೆಗಳಲ್ಲಿ ಹೇಳಿ ನಗಿಸುತ್ತಿದ್ದ. ಹಾಡಿನ ಆರಂಭದ ಆ ಮರೆಯಲಾಗದ ತಿರುವು ಕ್ಯೂಬಾದ ಬಾಸ್ ವಾದಕ ಕಚಾವೊನ 'ಚಾಂಚುಯೊ'ದ ನೆರಳು ಎಂಬುದನ್ನು ಬಲ್ಲವರು ಬಲ್ಲರು. ನಮ್ಮಲ್ಲಿ ಒಂದೇ ಮಟ್ಟಿಗೆ ನಾಲ್ಕು ದೇವರನಾಮ ಹಾಡುವುದಿಲ್ಲವೇ, ಅದನ್ನು ಯಾರೂ ಕೋರ್ಟಿಗೆ ಒಯ್ದಿಲ್ಲ.

1964ರಲ್ಲಿ ಜಾನಿ ಪಚೇಕೊ ಮತ್ತು ಜೆರಿ ಮಸೂಚಿ ಫಾನಿಯಾ ಎಂಬ ಧ್ವನಿಮುದ್ರಿಕೆಗಳ ಕಂಪನಿ ಶುರುಮಾಡಿದರು. ಅದರ ಕೈಯಲ್ಲಿ ಎಪ್ಪತ್ತರ ದಶಕದಲ್ಲಿ ಈ ಸಂಗೀತವೆಲ್ಲ ಸಾಲ್ಸಾ ಎಂಬ ಒಂದೇ ಚೀಟಿಯಡಿ ಮಾರಾಟವಾಗತೊಡಗಿತು. ಟೀಟೊಗೆ ಅದು ರುಚಿಸಲೇ ಇಲ್ಲ, ಸಾಲ್ಸಾ ತಿನ್ನುವ ಪದಾರ್ಥ, ತಾನು ನುಡಿಸುವುದು ಸಂಗೀತ ಎಂದು ಕಡೆಯವರೆಗೂ ಗೊಣಗಿದ. ಗೊಣಗುತ್ತಲೇ ಸಾಲ್ಸಾ ಉತ್ಸವಗಳಲ್ಲಿ ಕಡೆಯ ಕಾರ್ಯಕ್ರಮವನ್ನು ತಾನೇ ನುಡಿಸಿದ.

ಮುಂದಿನದು ಬಿರುದುಬಾವಲಿಗಳ ಕಾಲ, ಬೇಗ ಹೇಳಿ ಮುಗಿಸಬಹುದು. ಬದುಕಿದ್ದಾಗ ಐದು ಗ್ರ್ಯಾಮಿ, ಮೊದಲನೆಯದು 1979ರಲ್ಲಿ. 1997ರಲ್ಲಿ ರಾಷ್ಟ್ರೀಯ ಕಲಾಪದಕ. ಆದರೆ ಅಮೆರಿಕದ ಮಕ್ಕಳಿಗೆ ಅವನ ಪರಿಚಯವಾದದ್ದು 'ದ ಸಿಂಪ್ಸನ್ಸ್' ಕಾರ್ಟೂನಿನಿಂದ. 1995ರ ಕತೆಯೊಂದರಲ್ಲಿ ಆತ ಶಾಲೆಯ ಸಂಗೀತದ ಮೇಷ್ಟ್ರಾಗಿ ಬಂದು, ಕೆಲಸ ಕಳೆದುಕೊಂಡು, ಅದಕ್ಕೆ ಕಾರಣನಾದ ಕಾರ್ಖಾನೆ ಯಜಮಾನನಿಗೆ ಗುಂಡು ಹಾರಿಸಿದ ಆರೋಪಕ್ಕೆ ಗುರಿಯಾಗುತ್ತಾನೆ. ತನ್ನ ಸೇಡು ಗುಂಡಿನದಲ್ಲ, ಆ ಯಜಮಾನನನ್ನು ಬೈಯುವ ಒಂದು ಮ್ಯಾಂಬೊ ಮಾತ್ರ ಎಂದು ಹಾಡಿ ತೋರಿಸಿ ಬಚಾವಾಗುತ್ತಾನೆ. ಎಪ್ಪತ್ತು ದಾಟಿದ, ತಲೆ ಬೆಳ್ಳಗಾದ ಸಂಗೀತಗಾರ ತನ್ನನ್ನೇ ಹೀಗೆ ಗೇಲಿಗೆ ಒಪ್ಪಿಸಿಕೊಂಡದ್ದನ್ನು ನಾನು ಗ್ರ್ಯಾಮಿಗಿಂತ ಮೇಲೆ ಇಡುತ್ತೇನೆ. ನಮ್ಮ ವಿದ್ವಾಂಸರೊಬ್ಬರು ಕಾರ್ಟೂನಿನಲ್ಲಿ ಶಂಕಿತರಾಗಿ ನಿಲ್ಲುವುದನ್ನು ಊಹಿಸಿಕೊಳ್ಳಲು ಬಹಳ ಸಲ ಪ್ರಯತ್ನಿಸಿದ್ದೇನೆ.

ಮಕ್ಕಳು ಸಂಗೀತ ಓದಲೆಂದು 1980ರಲ್ಲಿ ಅವನ ಹೆಸರಿನಲ್ಲಿ ವಿದ್ಯಾರ್ಥಿವೇತನ ಶುರುವಾಯಿತು. 2000ದ ವಸಂತದವರೆಗೂ ವೇದಿಕೆ ಹತ್ತುತ್ತಲೇ ಇದ್ದ. ಆ ವರ್ಷ ಮೇ ಮುಗಿದು ಜೂನ್ ಶುರುವಾಗುವ ರಾತ್ರಿ, ಹೃದಯದ ಶಸ್ತ್ರಚಿಕಿತ್ಸೆಯ ಬಳಿಕ ನ್ಯೂಯಾರ್ಕಿನಲ್ಲಿ ತೀರಿಕೊಂಡ. ವಯಸ್ಸು 77. ಅವನು ಡಬ್ಬ ಬಡಿದು ಬೈಸಿಕೊಂಡ ಪೂರ್ವ 110ನೆಯ ಬೀದಿಗೆ ಈಗ ಟೀಟೊ ಪ್ವೆಂಟೆ ವೇ ಎಂದು ಹೆಸರು. ಪಿಯಾನೊ ವಾದಕ ಎಡ್ಡಿ ಪಾಲ್ಮಿಯೇರಿಯ ಜೊತೆ ಕೂಡಿ ಮಾಡಿದ ಕೊನೆಯ ಆಲ್ಬಮ್ಮಿಗೆ ಮರುವರ್ಷ ಇನ್ನೊಂದು ಗ್ರ್ಯಾಮಿ ಬಂತು.

ಇನ್ನೂ ಕೇಳದವರಿದ್ದರೆ 1949ರ 'ರಾನ್ ಕಾನ್ ಕಾನ್'ನಿಂದ ಶುರುಮಾಡಿ. ತಿಂಬಾಲೆಸ್ಸಿನ ಸದ್ದನ್ನೇ ಹೆಸರಾಗಿ ಇಟ್ಟುಕೊಂಡ ಪುಟ್ಟ ಹಾಡು, ಮಾಮೂಲು ಸಿನಿಮಾ ಹಾಡಿಗಿಂತ ಉದ್ದವಿಲ್ಲ. ಅದು ಹಿಡಿಸಿದರೆ 'ಡಾನ್ಸ್ ಮೇನಿಯಾ'ಕ್ಕೆ ಬನ್ನಿ. ಡ್ರಮ್ಮುಗಳ ತಟ್ಟೆಯನ್ನು ಕೊನೆಗಿಟ್ಟುಕೊಳ್ಳಿ, ಮೊದಲೇ ಕೇಳಿದರೆ ಅರ್ಧಕ್ಕೇ ಕಾಫಿ ನೆನಪಾದೀತು. ಇಯರ್‌ಫೋನು ಬೇಡ, ಮಂಚದ ಮೇಲೆ ಮಲಗಿಕೊಂಡೂ ಬೇಡ. ಕುಣಿಯಲು ಬರುವುದಿಲ್ಲ ಎನ್ನುವವರು ಸಹ ಒಮ್ಮೆ ಹಜಾರದ ಕುರ್ಚಿಗಳನ್ನು ಗೋಡೆಗೆ ಸರಿಸಿ, ನಿಂತುಕೊಂಡು ಕೇಳಿ.